ಅಟ್ಟ ಏರಿದ ಅಳಿಯ

"ಒಂದು ಫ್ಯಾನ್ ಕೂರಿಸೋಕೆ ಇನ್ನೊಬ್ಬರ ಕಾಲು ಹಿಡೀಬೇಕಾ? ಶನಿವಾರ ಮಧ್ಯಾಹ್ನದೊಳಗೆ ನಾನೇ ಕೂರಿಸ್ತೀನಿ. ನೀನು ಬಂದು ಸ್ವಿಚ್ ಒತ್ತು, ಸಾಕು."

ಗುರುವಾರ ಸಂಜೆ ಹೆಂಡತಿಯ ಮುಂದೆ ಹೀಗೆಂದು ಘೋಷಿಸಿದಾಗ ನನ್ನ ಎದೆ ಎರಡಿಂಚು ಮುಂದೆ ಬಂದಿತ್ತು. ಎರಡೇ ಇಂಚು ಎಂದು ಹೇಗೆ ಗೊತ್ತು ಎಂದು ಕೇಳಬೇಡಿ. ನಾನು ತೂಕ ಮತ್ತು ಅಳತೆ ಇಲಾಖೆಯ ಇನ್ಸ್‌ಪೆಕ್ಟರು. ಹತ್ತೊಂಬತ್ತು ವರ್ಷಗಳಿಂದ ಈ ಊರಿನ ತಕ್ಕಡಿಗಳು, ಬಟ್ಟುಗಳು, ಅಳತೆಗೋಲುಗಳು ನನ್ನ ಮುಂದೆ ಕೈಕಟ್ಟಿ ನಿಂತು ಮುದ್ರೆ ಹಾಕಿಸಿಕೊಂಡು ಹೋಗಿವೆ. ಅರ್ಧ ಗ್ರಾಂ ಹೆಚ್ಚುಕಡಿಮೆಯಾದರೂ ನನ್ನ ಹುಬ್ಬು ಮೇಲೇರುತ್ತದೆ. ಇಂಥವನಿಗೆ ಬಚ್ಚಲುಮನೆಯ ಛಾವಣಿಯಲ್ಲಿ ಒಂದು ತೂತು ಕೊರೆಯುವುದು ಯಾವ ಲೆಕ್ಕ?

ಹೆಂಡತಿ ನನ್ನನ್ನು ಅಡಿಯಿಂದ ಮುಡಿಯವರೆಗೆ ಒಮ್ಮೆ ನೋಡಿ, "ಕೆಳಗೆ ಹಳೇ ಟವೆಲ್ ಹಾಸಿಕೊಳ್ಳಿ," ಎಂದಳು. ನನಗೆ ಸಿಕ್ಕ ಪ್ರೋತ್ಸಾಹ ಇಷ್ಟೇ.

ಫ್ಯಾನ್ ಬೇಕಾಗಿದ್ದು ಅತ್ತೆಗಾಗಿ. ಎಂಟು ತಿಂಗಳ ಹಿಂದೆ ಅವರು ಬಿದ್ದು ಸೊಂಟ ಮುರಿದುಕೊಂಡು, ಆಪರೇಷನ್ ಮಾಡಿಸಿಕೊಂಡು, ವಾಕರ್ ಹಿಡಿದು ನಮ್ಮ ಮನೆಗೆ ಬಂದರು. ಸೊಂಟ ನಿಧಾನವಾಗಿ ಕೂಡಿಕೊಂಡಿತು. ಆದರೆ ಕೆಮ್ಮು ಹತ್ತಿಕೊಂಡಿತು. ನಮ್ಮ ಬಚ್ಚಲುಮನೆಯ ಕಿಟಕಿ ಒಂದು ಪುಸ್ತಕದಷ್ಟಗಲ. ಬಿಸಿನೀರು ಬಿಟ್ಟರೆ ಹಬೆ ಅರ್ಧ ದಿನ ಅಲ್ಲೇ ಬಿಡಾರ ಹೂಡುತ್ತಿತ್ತು. ಮೂಲೆಗಳಲ್ಲಿ ಕಪ್ಪು ಬೂಷ್ಟು ಭೂಪಟ ಬರೆದಿತ್ತು. ಬೂಷ್ಟಿನ ಗಾಳಿ ಕುಡಿದರೆ ಈ ಕೆಮ್ಮು ತಮ್ಮ ಔಷಧಿಗೆ ಬಗ್ಗುವುದಿಲ್ಲ ಎಂದು ಡಾಕ್ಟರು ಖಂಡಿತವಾಗಿ ಹೇಳಿಬಿಟ್ಟಿದ್ದರು.

ಲೈಟೂ ಹಬೆ ಹೊರಗೆಳೆಯುವ ಫ್ಯಾನೂ ಒಂದೇ ಪೆಟ್ಟಿಗೆಯಲ್ಲಿರುವಂಥದ್ದನ್ನು ಹೆಂಡತಿ ತಂದಿಟ್ಟಳು. ಕೂರಿಸಬೇಕಾದ ಎಲೆಕ್ಟ್ರಿಷಿಯನ್ ಮಾತ್ರ ಒಂಬತ್ತು ದಿನ "ನಾಳೆ ಬರ್ತೀನಿ" ಎಂದ. ನಮ್ಮ ಮನೆಯಲ್ಲಿ ಅವನ ಹೆಸರೇ 'ನಾಳೆ' ಎಂದಾಗಿಹೋಗಿತ್ತು. "ನಾಳೆ ಫೋನ್ ಮಾಡಿದ್ನಾ?" ಎಂದು ಹೆಂಡತಿ ಕೇಳಿದರೆ ಅದರ ಕಾಲ ಯಾವುದೆಂದು ಯಾವ ವ್ಯಾಕರಣದವರೂ ಹೇಳಲಾರರು. ಇಷ್ಟರಲ್ಲಿ ನನ್ನ ಹೆಂಡತಿಯ ಅಣ್ಣ ಫೋನ್ ಮಾಡಿ, ಭಾನುವಾರ ಬೆಳಿಗ್ಗೆ ಕಾರು ತರುತ್ತೇನೆ, ಅಮ್ಮ ಇನ್ನು ನಮ್ಮಲ್ಲೇ ಇರಲಿ ಎಂದರು. ಅವರ ಮನೆಯ ಬಚ್ಚಲು ದೊಡ್ಡದು, ನಿಜ. ಆದರೆ ಆ ಮನೆಯಲ್ಲಿ ಬೆಳಿಗ್ಗೆಯಿಂದ ರಾತ್ರಿಯವರೆಗೆ ಯಾರೂ ಇರುವುದಿಲ್ಲ. ಅತ್ತೆ ಆಗಲಿ ಎಂದು ಒಪ್ಪಿದರು. ಹೆಂಡತಿ ಅಮ್ಮನ ಬಟ್ಟೆಗಳನ್ನು ಮಡಿಸಿ ಪೆಟ್ಟಿಗೆಗೆ ಹಾಕುವುದು, ಮತ್ತೆ ತೆಗೆದು ಮಡಿಸುವುದು ಮಾಡುತ್ತಿದ್ದಳು. ಮೂರನೆಯ ಸಲ ಅದೇ ಟವೆಲ್ ಮಡಿಸುವುದನ್ನು ಕಂಡಾಗಲೇ ನಾನು ಆ ಘೋಷಣೆ ಮಾಡಿದ್ದು.

ಇನ್ನೊಂದು ವಿಷಯ ನಾನು ಒಪ್ಪಿಕೊಳ್ಳಲೇಬೇಕು. ನನಗೂ ಅತ್ತೆಗೂ ಹನ್ನೊಂದು ವರ್ಷಗಳಿಂದ ನೇರ ಮಾತಿರಲಿಲ್ಲ. ಜಗಳವೂ ಇರಲಿಲ್ಲ, ಜಗಳವಾಡಬೇಕಾದರೆ ಮಾತಾಡಬೇಕಲ್ಲ. ಮದುವೆಯಾದ ಹೊಸತರಲ್ಲಿ ಅವರ ಮನೆಯ ಟೇಬಲ್ ಫ್ಯಾನೊಂದನ್ನು ಯಾರೂ ಕೇಳದೆಯೇ ಬಿಚ್ಚಿ ಜೋಡಿಸಿದ್ದೆ. ಫ್ಯಾನ್ ತಿರುಗಿತು. ನಾನು ಹೆಮ್ಮೆಯಿಂದ ನೆಂಟರ ಕಡೆ ತಿರುಗಿದೆ. ಆಗ ಅತ್ತೆ, "ಗಾಳಿ ಗೋಡೆಗೆ ಹೋಗ್ತಿದೆಯಲ್ಲ ಅಳಿಯಂದ್ರೇ," ಎಂದರು. ಹದಿನಾಲ್ಕು ಜನ ನಕ್ಕರು. ಎಣಿಸಿದ್ದೇನೆ. ಅಂದಿನಿಂದ ಪತ್ರಿಕೆ ಬೇಕಾದರೆ ಅತ್ತೆ ಮಗಳಿಗೆ, "ಅವರು ಓದಿ ಆಯ್ತಾ ಕೇಳು," ಎನ್ನುತ್ತಾರೆ. ಮೂರಡಿ ದೂರದಲ್ಲಿ ಕೂತ ನಾನು, "ಆಯ್ತು ಅಂತ ಹೇಳು," ಎನ್ನುತ್ತೇನೆ. ನಡುವೆ ನಿಂತ ಹೆಂಡತಿ ಯಾರಿಗೂ ಏನೂ ಹೇಳದೆ ಪತ್ರಿಕೆಯನ್ನು ಮೂರಡಿ ದಾಟಿಸುತ್ತಾಳೆ.

ಶನಿವಾರ ಬಂತು. ಹೆಂಡತಿ ಔಷಧಿ ಅಂಗಡಿಯ ಕೆಲಸಕ್ಕೆ ಹೋದಳು. ಮೂರು ಗಂಟೆಗೆ ವಾಪಸ್ಸು. ಅತ್ತೆ ತಮ್ಮ ಕೋಣೆಯಲ್ಲಿ ಮಲಗಿದ್ದರು. ನಾನು ಮೂಗಿಗೆ ಕರವಸ್ತ್ರ ಕಟ್ಟಿ ಮೇನ್ ಸ್ವಿಚ್ ಆರಿಸಿದೆ. ಆ ದಿನ ನಾನು ಸರಿಯಾಗಿ ಮಾಡಿದ ಕೆಲಸ ಅದೊಂದೇ, ಆದ್ದರಿಂದ ಅದನ್ನು ದಾಖಲಿಸುತ್ತಿದ್ದೇನೆ. ಪೆಟ್ಟಿಗೆಯಲ್ಲಿದ್ದ ಸೂಚನೆಗಳ ಹಾಳೆಯನ್ನು ಮಡಿಸಿ ಜೇಬಿಗೆ ಹಾಕಿಕೊಂಡೆ. ಸೂಚನೆಗಳಿರುವುದು ಅಳತೆ ತಿಳಿಯದವರಿಗೆ.

ನಮ್ಮ ಬಚ್ಚಲುಮನೆಯ ಛಾವಣಿ ತೆಳ್ಳನೆಯ ಪ್ಲೈವುಡ್ ಹಲಗೆ. ಅದರ ಮೇಲೆ ಮರದ ತೊಲೆಗಳ ಪುಟ್ಟ ಅಟ್ಟ. ಅಟ್ಟದ ಬಾಯಿ ಕೋಣೆಗಳ ನಡುವಿನ ಓಣಿಯಲ್ಲಿ, ಅಂದರೆ ಬಚ್ಚಲಿನ ಬಾಗಿಲ ಮುಂದೆ ಇದೆ. ನಾನು ಇಲಾಖೆಯ ಮುದ್ರೆಯಿದ್ದ ಉಕ್ಕಿನ ಅಳತೆಗೋಲಿನಿಂದ ಫ್ಯಾನಿನ ಮುಖವನ್ನು ಅಳೆದೆ. ಮುನ್ನೂರ ಇಪ್ಪತ್ತು ಮಿಲಿಮೀಟರು. ಛಾವಣಿಯ ಮೇಲೆ ಮುನ್ನೂರ ಇಪ್ಪತ್ತರ ಚೌಕ ಗೀಚಿದೆ. ಗರಗಸದಿಂದ ಕೊರೆದೆ. ಒಂದು ಮಿಲಿಮೀಟರು ಹೆಚ್ಚಿಲ್ಲ, ಕಡಿಮೆಯಿಲ್ಲ. ಕಣ್ಣಿಗೊತ್ತಿಕೊಳ್ಳುವಂಥ ಚೌಕ. ಏಣಿಯ ಮೇಲೆ ನಿಂತು ಫ್ಯಾನನ್ನು ಆ ತೂತಿಗೆ ಕೂರಿಸಿ ಮೆಲ್ಲಗೆ ಮೇಲಕ್ಕೆ ನೂಕಿದೆ.

ಅದು ಹೋಯಿತು. ನಿಲ್ಲಲಿಲ್ಲ. ನೀರಿನ ಜೊತೆ ನುಂಗಿದ ಮಾತ್ರೆಯ ಹಾಗೆ ಇಡೀ ಫ್ಯಾನ್, ಲೈಟಿನ ಸಮೇತ, ಅಟ್ಟದ ಹೊಟ್ಟೆಗೆ ಇಳಿದು, ಅಲ್ಲಲ್ಲ, ಏರಿ, ಮಗುಚಿಕೊಂಡಿತು.

ನಾನು ಅಳೆದದ್ದು ಹೊರಗಿನ ಜಾಲರಿಯನ್ನು. ತೂತು ಬೇಕಾಗಿದ್ದದ್ದು ಅದಕ್ಕಿಂತ ಚಿಕ್ಕದಾದ ಒಳಗಿನ ಪೆಟ್ಟಿಗೆಗೆ. ಜಾಲರಿ ತೂತಿನ ಅಂಚಿನ ಮೇಲೆ ಕೂರಬೇಕು. ನಾನು ಅದಕ್ಕೆ ಕೂರಲು ಜಾಗವನ್ನೇ ಉಳಿಸಿರಲಿಲ್ಲ.

ಈಗ ಫ್ಯಾನನ್ನು ಹಿಡಿಯಬೇಕಾದರೆ ಅಟ್ಟವನ್ನೇ ಹತ್ತಬೇಕು. ಏಣಿಯನ್ನು ಓಣಿಗೆ ತಂದು, ಸ್ಕ್ರೂ, ಟೇಪು, ಕೊಳವೆಗಳ ಚೀಲವನ್ನು ಹೆಗಲಿಗೆ ಹಾಕಿಕೊಂಡು ಹತ್ತಿದೆ. ಹಳೆಯ ಮಂಚದ ಪಟ್ಟಿಗಳು, ಹಿಡಿ ಮುರಿದ ಸೂಟ್‌ಕೇಸು, ಬಿರುಕು ಬಿಟ್ಟ ಮೀನಿನ ತೊಟ್ಟಿ, ಇವುಗಳ ನಡುವೆ ತೊಲೆಗಳ ಮೇಲೆ ಬೋರಲು ಮಲಗಿ ತೆವಳುತ್ತ ಫ್ಯಾನಿನ ಹತ್ತಿರ ಬಂದೆ. ಇಷ್ಟು ದೊಡ್ಡ ತೂತಿಗೆ ಇಷ್ಟು ಚಿಕ್ಕ ಫ್ಯಾನನ್ನು ಹೇಗೆ ಕೂರಿಸುವುದೆಂದು ಗಲ್ಲಕ್ಕೆ ಕೈಯಿಟ್ಟು ಯೋಚಿಸುತ್ತಿದ್ದೆ. ಮನೆ ನಿಶ್ಶಬ್ದವಾಗಿತ್ತು. ಆಗ ಕೆಳಗೆ ವಾಕರಿನ ಸದ್ದು. ಟಕ್, ಸರ್. ಟಕ್, ಸರ್.

ಅತ್ತೆ ಬಚ್ಚಲಿಗೆ ಬರುತ್ತಿದ್ದರು. ಏಣಿ ದಾರಿಗೆ ಅಡ್ಡ ನಿಂತಿತ್ತು. ಸದ್ದಿಲ್ಲದ ಮನೆ ನೋಡಿ ನಾನು ಅಂಗಡಿಗೋ ಎಲ್ಲಿಗೋ ಹೋಗಿದ್ದೇನೆಂದು ಅವರು ತಿಳಿದಿರಬೇಕು. ನನ್ನ ಕಣ್ಣೆದುರೇ ಏಣಿಯ ತುದಿ ಅಲುಗಾಡಿತು.

ಒಂದು ಕೂಗು ಸಾಕಿತ್ತು. ಆದರೆ ಏನೆಂದು ಕೂಗಲಿ? 'ಅತ್ತೆ' ಎಂದರೆ ಹನ್ನೊಂದು ವರ್ಷದ ಮೌನ ಒಂದೇ ಏಟಿಗೆ ಮಣ್ಣುಪಾಲು. 'ರೀ' ಎಂದರೆ ಹೆಂಡತಿಯ ಮಾತನ್ನು ಕದ್ದಂತೆ. 'ಹಲೋ' ಎಂದರೆ ಅಟ್ಟದಿಂದ ಫೋನ್ ಮಾಡಿದಂತೆ. ಕೆಮ್ಮೋಣವೆಂದರೆ ನಮ್ಮ ಮನೆಯಲ್ಲಿ ಕೆಮ್ಮು ಅವರ ಸ್ವತ್ತು. ನಾನು ಹೀಗೆ ಸಂಬೋಧನೆಯ ಆಯ್ಕೆಯಲ್ಲಿದ್ದಾಗಲೇ ವಾಕರಿನ ಅಂಚು ಏಣಿಯನ್ನು ನೂಕಿತು. ಏಣಿ ಗೋಡೆಗುಂಟ ಜಾರಿ, ಮನೆ ನಡುಗುವಂತೆ ನೆಲಕ್ಕೆ ಬಿತ್ತು.

"ಬಿದ್ರೆ ಬೀಳ್ಲಿ," ಎಂದರು ಅತ್ತೆ, ತಮಗೆ ತಾವೇ.

ಅಟ್ಟದ ಬಾಯಿಯಿಂದ ಇಣುಕಿದೆ. ನೆಲ ಒಂಬತ್ತಡಿ ಎರಡಿಂಚು ಕೆಳಗಿತ್ತು. ನನ್ನ ಮೊಣಕಾಲುಗಳಿಗೆ ನಲವತ್ತೇಳು ವರ್ಷ. ಫೋನು ಅಡುಗೆಮನೆಯ ಕಟ್ಟೆಯ ಮೇಲೆ. ಹೆಂಡತಿ ಬರಲು ಇನ್ನೂ ಎರಡು ಗಂಟೆ. ತೆವಳಿಕೊಂಡು ಮತ್ತೆ ತೂತಿನ ಬಳಿಗೆ ಬಂದು ಕೆಳಗೆ ಮುಖ ಹಾಕಿದೆ.

ಅತ್ತೆ ಮುಖ ತೊಳೆದು ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕೂತು ಒರೆಸಿಕೊಳ್ಳುತ್ತಿದ್ದರು. ಒಂದು ಚಿಟಿಕೆ ಮರದ ಪುಡಿ ಅವರ ಕೈಮೇಲೆ ಬಿತ್ತು. ತಲೆಯೆತ್ತಿದರು. ಛಾವಣಿಯಲ್ಲಿ ಚೌಕದ ತೂತು, ತೂತಿನ ತುಂಬ ಕರವಸ್ತ್ರ ಕಟ್ಟಿದ ಒಂದು ಮುಖ. ಬೇರೆ ಯಾರಾದರೂ ಆಗಿದ್ದರೆ ಬೀದಿಯವರೆಲ್ಲ ಓಡಿಬರುವಂತೆ ಕಿರುಚುತ್ತಿದ್ದರು. ಅತ್ತೆ ನನ್ನ ಮುಖ ನೋಡಲಿಲ್ಲ. ತೂತನ್ನು ನೋಡಿದರು, ಅದರ ನಾಲ್ಕು ಅಂಚುಗಳನ್ನೂ ನೋಡಿದರು.

"ತೂತು ದೊಡ್ಡದಾಗಿದೆ," ಎಂದರು. ಹೇಳಿದ್ದು ನನಗಲ್ಲ, ಬಕೆಟ್ಟಿಗೆ.

"ಏಣಿ ಬಿದ್ದಿದೆ ಅಂತ ಹೇಳು," ಎಂದೆ. ನಾನೂ ಬಕೆಟ್ಟಿಗೇ.

"ಸೊಂಟದೊಳಗೆ ರಾಡ್ ಇದೆ, ಬಗ್ಗಿ ಎತ್ತೋಕಾಗಲ್ಲ ಅಂತ ಹೇಳು."

ಬಕೆಟ್ಟು ಇಬ್ಬರಿಗೂ ಏನೂ ಹೇಳಲಿಲ್ಲ. ನನ್ನ ಹೆಂಡತಿಯ ಕೆಲಸ ಎಷ್ಟು ಕಷ್ಟದ್ದೆಂದು ನನಗೆ ಆಗ ಅರ್ಥವಾಯಿತು.

ನಾನು ಸ್ವಲ್ಪ ಹೊರಳಿದೆ. ತೊಲೆಯ ಮೇಲಿದ್ದ ವರ್ಷಾನುಗಟ್ಟಲೆಯ ಧೂಳು ಸುರಿಯಿತು. ಅತ್ತೆಗೆ ಕೆಮ್ಮು ಹತ್ತಿತು. ಸಣ್ಣ ಕೆಮ್ಮಲ್ಲ. ಕುರ್ಚಿಯ ಕೈ ಹಿಡಿದು, ಮುಖ ಕೆಂಪಾಗಿ, ಉಸಿರು ಎಳೆಯಲಾರದೆ ಕೆಮ್ಮಿದರು. ಮನೆಯಲ್ಲಿ ಬೇರೆ ಯಾರೂ ಇರಲಿಲ್ಲ. ಇದ್ದ ಒಬ್ಬ ಗಂಡಸು ಅಟ್ಟದ ಮೇಲಿದ್ದ.

"ಅತ್ತೆ, ಹೊರಗೆ ಹೋಗಿ. ಧೂಳು ಬೀಳ್ತಿದೆ. ನಿಧಾನ, ವಾಕರ್ ಹಿಡ್ಕೊಳ್ಳಿ. ಪಂಪು ಎಲ್ಲಿದೆ? ನಿಮ್ಮ ಪಂಪು ಎಲ್ಲಿದೆ ಅತ್ತೆ?"

ಮಾತು ಬಾಯಿಂದ ಹೊರಟೇಹೋಗಿತ್ತು. ಅವರು ಎದ್ದು ಹೊರಗೆ ಹೋದರು. ಔಷಧಿಯ ಪಂಪನ್ನು ಎರಡು ಸಲ ಎಳೆದುಕೊಂಡ ಸದ್ದು ಕೇಳಿದ ಮೇಲೆಯೇ ನಾನು ಉಸಿರು ಬಿಟ್ಟಿದ್ದು. ಐದು ನಿಮಿಷ ಏನೂ ಸದ್ದಿಲ್ಲ. ಆಮೇಲೆ ಟಕ್, ಸರ್. ಮೂಗಿಗೆ ಒದ್ದೆ ಬಟ್ಟೆ ಕಟ್ಟಿಕೊಂಡು, ಕನ್ನಡಕ ಹಾಕಿಕೊಂಡು ಅತ್ತೆ ಬಾಗಿಲಲ್ಲೇ ಕುರ್ಚಿ ಎಳೆದು ಕೂತರು. ಈಗ ಇಬ್ಬರೂ ಮುಸುಕುಧಾರಿಗಳು.

"ಫ್ಯಾನಿನ ಜೊತೆ ಒಂದು ಹಾಳೆ ಬಂದಿರುತ್ತೆ. ಇದೆಯಾ?" ಬಕೆಟ್ಟಿನ ಕಡೆ ಅವರು ತಿರುಗಲಿಲ್ಲ.

ಜೇಬಿನಿಂದ ತೆಗೆದು ಬಿಟ್ಟೆ. ಅದು ತೇಲುತ್ತಾ ಹೋಗಿ ಅವರ ಕಾಲ ಬಳಿ ಬಿತ್ತು. ವಾಕರಿನ ಕಾಲಿನಿಂದ ಹತ್ತಿರಕ್ಕೆ ಎಳೆದು, ಹೇಗೋ ಎತ್ತಿಕೊಂಡು, ಮೇಲಿನ ಸಾಲಿನಿಂದ ಕೆಳಗಿನ ಸಾಲಿನವರೆಗೆ ಓದಿದರು. ಆಮೇಲೆ ಅಟ್ಟದಲ್ಲಿ ಮರದ ಪಟ್ಟಿ ಇದೆಯಾ ಎಂದು ಕೇಳಿದರು. ಮಂಚದ ಪಟ್ಟಿಗಳಿದ್ದವು. ತೂತಿನ ಎರಡು ಬದಿಗೆ ಎರಡು ಪಟ್ಟಿಗಳನ್ನು ತೊಲೆಯಿಂದ ತೊಲೆಗೆ ಸ್ಕ್ರೂ ಹಾಕಿ, ಪೆಟ್ಟಿಗೆಯನ್ನು ಅವುಗಳ ನಡುವೆ ಬಿಗಿಯಲು ಹೇಳಿದರು. ಜಾಲರಿಯ ಸುತ್ತ ಉಳಿಯುವ ಸಂದಿಗೆ ಆಮೇಲೆ ಕೆಳಗಿನಿಂದ ಒಂದು ತೆಳು ಚೌಕಟ್ಟು ಹೊಡೆದರೆ ತೂತು ದೊಡ್ಡದಾಗಿತ್ತೆಂದು ಯಾರಿಗೂ ಗೊತ್ತಾಗುವುದಿಲ್ಲವಂತೆ.

"ಮೂರು ವೈರ್ ಇದೆ," ಎಂದೆ.

"ಒಂದು ಫ್ಯಾನಿಗೆ, ಒಂದು ಲೈಟಿಗೆ, ಒಂದು ಎರಡಕ್ಕೂ ಸೇರಿದ್ದು. ಹಸಿರಿನದು ಬೇರೆ ಇರುತ್ತೆ, ಅದು ಅರ್ತಿಂಗು. ಊಹೆ ಮಾಡಿ ಸೇರಿಸಬೇಡಿ. ಪೆಟ್ಟಿಗೆ ಮೇಲೆ ಅಕ್ಷರ ಕೊರೆದಿರ್ತಾರೆ, ಓದಿ ಹೇಳಿ."

ನಾನು ಓದಿದೆ. ಅವರು ಹೇಳಿದರು. ನಾನು ಸೇರಿಸಿದೆ. ಟೇಪು ಹೇಗೆ ಸುತ್ತಬೇಕು, ಎಷ್ಟು ಎಳೆದು ಸುತ್ತಬೇಕು ಎಂದು ಹೇಳುವಾಗ ಅವರ ಬೆರಳುಗಳು ಮಡಿಲಲ್ಲಿ ತಾವೇ ತಿರುಗುತ್ತಿದ್ದವು.

ತೀರಿಹೋದ ಮಾವನವರದು ಮೋಟಾರ್ ವೈಂಡಿಂಗ್ ಅಂಗಡಿ. ಸುಟ್ಟ ಮೋಟಾರುಗಳಿಗೆ ಹೊಸ ತಂತಿ ಸುತ್ತುವ ಕೆಲಸ. ಅತ್ತೆ ಅಂಗಡಿಗೆ ಹೋಗುತ್ತಿದ್ದದ್ದು ನನಗೆ ಗೊತ್ತಿತ್ತು. ಊಟ ಕೊಟ್ಟು ಬರಲು ಹೋಗುತ್ತಿದ್ದರೆಂದು ತಿಳಿದಿದ್ದೆ. ಹಾಗೆಂದು ಹೇಳಿಯೂಬಿಟ್ಟೆ.

ಅತ್ತೆ ಕನ್ನಡಕ ತೆಗೆದು ಸೆರಗಿನಿಂದ ಒರೆಸಿದರು. "ಮದುವೆಯಾಗಿ ನಾಲ್ಕು ವರ್ಷಕ್ಕೆ ಅವರ ಕಣ್ಣು ಮಂಜಾಯ್ತು. ತಲೆಗೂದಲಿನಂಥ ತಂತಿ, ಕಾಣಬೇಕಲ್ಲ. ಇಪ್ಪತ್ತೆರಡು ವರ್ಷ ಒಳಕೋಣೇಲಿ ಕೂತು ಸುತ್ತಿದ್ದು ನಾನು. ಬೋರ್ಡಿನಲ್ಲಿ ಅವರ ಹೆಸರು, ತಂತಿಯ ಸುರುಳಿಯಲ್ಲಿ ನನ್ನ ಬೆರಳು."

"ನಂಗ್ಯಾರೂ ಹೇಳಲಿಲ್ಲ."

"ನೀವು ಕೇಳಲಿಲ್ಲ."

ಅಟ್ಟದಲ್ಲಿ ತಲೆ ತಗ್ಗಿಸಲು ಜಾಗವಿಲ್ಲ. ಅದು ಆಗಲೇ ತಗ್ಗಿರುತ್ತದೆ. ಸ್ಕ್ರೂ ತಿರುಗಿಸುತ್ತಲೇ ಹನ್ನೊಂದು ವರ್ಷದಿಂದ ಗಂಟಲಲ್ಲಿದ್ದುದನ್ನು ಕೇಳಿದೆ. ಆ ಟೇಬಲ್ ಫ್ಯಾನಿನ ಗಾಳಿ ನಿಜವಾಗಿಯೂ ಹಿಂದಕ್ಕೆ ಹೋಗುತ್ತಿತ್ತೇ?

"ಹಿಂದಕ್ಕೇ ಹೋಗ್ತಿತ್ತು. ಎರಡು ವೈರ್ ಅದಲು ಬದಲು ಮಾಡಿದ್ರಿ," ಎಂದರು ಅತ್ತೆ. ಆಮೇಲೆ ದನಿ ತಗ್ಗಿಸಿ, "ಆದ್ರೆ ಅಷ್ಟು ಜನರ ಮುಂದೆ ಹೇಳಬಾರದಿತ್ತು. ಅದನ್ನ ಹೇಳೋಣ ಅಂತ ಎಷ್ಟೋ ಸಲ ಅಂದ್ಕೊಂಡೆ. ಮಗಳ ಕೈಲಿ ಹೇಳಿಸೋ ಮಾತಲ್ಲ ಅದು."

ನನಗೆ ಧೂಳಿನಿಂದ ಕಣ್ಣು ಉರಿಯಿತು. ಧೂಳು ಬಹಳವಿತ್ತು. ನಾನು, ಭಾನುವಾರ ಹೋಗಲೇಬೇಕಾ ಎಂದು ಕೇಳಿದೆ. ಕೆಮ್ಮು ನಿಜ ಎಂದರು ಅವರು. ಆದರೆ ಕೆಮ್ಮೊಂದೇ ಅಲ್ಲ. ಮಗಳು ಬರುವತನಕ ದಿನವಿಡೀ ಈ ಮನೆಯಲ್ಲಿ ತಮ್ಮ ದನಿ ತಮಗೇ ಕೇಳಿಸುವುದಿಲ್ಲ. ಕೈಗೆ ಒಂದು ಕೆಲಸವೂ ಇಲ್ಲ. ಸುಮ್ಮನೆ ಕೂರುವುದಾದರೆ ಮಗನ ಮನೆಯಲ್ಲೂ ಕೂರಬಹುದಲ್ಲ ಎಂದರು. ದೂರು ಹೇಳುವ ದನಿಯಲ್ಲಿರಲಿಲ್ಲ. ಅದಕ್ಕೇ ಹೆಚ್ಚು ಚುಚ್ಚಿತು. ಶನಿವಾರ, ಭಾನುವಾರಗಳನ್ನೆಲ್ಲ ನಾನು ಇದೇ ಮನೆಯಲ್ಲಿ ಕಳೆದಿದ್ದೇನೆ, ಪತ್ರಿಕೆಯ ಹಿಂದೆ.

ಆಮೇಲೆ ಗಾಳಿ ಹೊರಹಾಕುವ ಕೊಳವೆಯ ಪಾಠ ನಡೆಯಿತು. ಅಟ್ಟದ ಗೋಡೆಯಲ್ಲಿ ಈ ಮನೆಯಲ್ಲಿ ಹಿಂದೆ ಇದ್ದವರು ಬಿಟ್ಟ ತೂತು ಹೇಗೂ ಇತ್ತು. ಕೊಳವೆಯನ್ನು ಅಲ್ಲಿಗೆ ಜೋಡಿಸಿ, ಹೊರಗಿನ ಕಡೆಗೆ ಸ್ವಲ್ಪ ಇಳಿಜಾರು ಕೊಡಬೇಕು. ಇಲ್ಲದಿದ್ದರೆ ಹಬೆ ನೀರಾಗಿ ವಾಪಸ್ಸು ಬಂದು ಲೈಟಿನ ಮೇಲೇ ತೊಟ್ಟಿಕ್ಕುತ್ತದೆ. ಅವರು ಹೇಳಿದ್ದಕ್ಕೆಲ್ಲ ನಾನು "ಸರಿ ಅತ್ತೆ," "ಆಯ್ತು ಅತ್ತೆ," "ಇಷ್ಟು ಸಾಕಾ ಅತ್ತೆ" ಎನ್ನುತ್ತಿದ್ದೆ. ಹನ್ನೊಂದು ವರ್ಷದ ಬಾಕಿಯನ್ನು ಒಂದೇ ಮಧ್ಯಾಹ್ನದಲ್ಲಿ ತೀರಿಸುವ ಹುಮ್ಮಸ್ಸು.

ಮೇನ್ ಆರಿಸಿದ್ದರಿಂದ ಬಾಗಿಲ ಗಂಟೆ ಸದ್ದು ಮಾಡುತ್ತಿರಲಿಲ್ಲ. ಹೆಂಡತಿ ಬಂದು, ಒತ್ತಿ ಒತ್ತಿ ಸಾಕಾಗಿ, ತನ್ನ ಕೀಲಿಯಿಂದ ತೆರೆದುಕೊಂಡು ಒಳಗೆ ಬಂದಿದ್ದಾಳೆ. ಓಣಿಯಲ್ಲಿ ಅಡ್ಡಬಿದ್ದ ಏಣಿ. ಗಂಡನ ಸುಳಿವಿಲ್ಲ. ಬಚ್ಚಲ ಬಾಗಿಲಲ್ಲಿ ಅವಳಮ್ಮ ಮುಖಕ್ಕೆ ಬಟ್ಟೆ ಕಟ್ಟಿಕೊಂಡು ಛಾವಣಿಯ ಜೊತೆ ಮಾತಾಡುತ್ತಿದ್ದಾರೆ. ಛಾವಣಿ, "ಆಯ್ತು ಅತ್ತೆ," ಎನ್ನುತ್ತಿದೆ. ಅವಳು ಅಲ್ಲೇ ಗೋಡೆಗೊರಗಿ ಕುಸಿದು ಕೂತಳಂತೆ. ನನಗೆ ಮೇಲಿನಿಂದ ಒಂದು ವಿಚಿತ್ರ ಸದ್ದು ಕೇಳಿತು. ನಗುವೋ ಅಳುವೋ ತಿಳಿಯಲಿಲ್ಲ. ಅವಳಿಗೂ ತಿಳಿದಿರಲಿಲ್ಲವೆಂದು ಆಮೇಲೆ ಹೇಳಿದಳು.

ಏಣಿ ಬಂತು. ನಾನು ಇಳಿದೆ. ಸ್ವಿಚ್‌ಬೋರ್ಡಿನ ಕೆಲಸವನ್ನೂ ಅತ್ತೆಯ ಕಣ್ಣೆದುರೇ ಮುಗಿಸಿ, ಮೇನ್ ಹಾಕಿದೆ. ಮೊದಲ ಸ್ವಿಚ್ಚಿಗೆ ಲೈಟು ಬಂತು. ಎರಡನೆಯದಕ್ಕೆ ಫ್ಯಾನ್ ಗುಂಯ್ ಎಂದಿತು. ನನ್ನ ಎದೆ ಮತ್ತೆ ಮುಂದೆ ಬರತೊಡಗಿತು. ಕಪ್ಪು ಬೂಷ್ಟಿನ ಮೂಲೆಗಳೆಲ್ಲ ಹೊಳೆಯುವ ಬೆಳಕಿನಲ್ಲಿ ನಾಚಿಕೊಂಡಂತೆ ಕಂಡವು. ನಾನು ಹೆಂಡತಿಯ ಕಡೆ ತಿರುಗಿ, ಸೂಕ್ತವಾದ ನಾಲ್ಕು ಮಾತು ಆಡಲು ಗಂಟಲು ಸರಿಮಾಡಿಕೊಂಡೆ.

ಅತ್ತೆ ಒಂದು ತೆಳು ಕಾಗದದ ತುಂಡು ಹರಿದು ನನ್ನ ಕೈಗೆ ಕೊಟ್ಟು ಜಾಲರಿಗೆ ಹಿಡಿಯಲು ಹೇಳಿದರು. ಗಾಳಿ ಎಳೆಯುತ್ತಿದ್ದರೆ ಕಾಗದ ಅಂಟಿಕೊಳ್ಳಬೇಕು. ಹಿಡಿದೆ. ಬಿಟ್ಟೆ. ಕಾಗದ ತಿರುತಿರುಗುತ್ತಾ ಬಂದು ನನ್ನ ಮೂಗಿನ ಮೇಲೆ ಕೂತಿತು.

"ಸದ್ದು ಮಾಡ್ತಿದೆ. ಕೆಲಸ ಮಾಡ್ತಿಲ್ಲ," ಎಂದರು ಅತ್ತೆ. ಫ್ಯಾನಿನ ಬಗ್ಗೆಯೇ ಹೇಳಿದ್ದೆಂದು ನಾನು ಇಂದಿಗೂ ನಂಬಿದ್ದೇನೆ. "ಕೊಳವೆ ಸೇರೋ ಕಡೆ ಒಂದು ಪುಟ್ಟ ಬಾಗಿಲಿರುತ್ತೆ. ಸಾಗಿಸುವಾಗ ಬಡಿದಾಡದ ಹಾಗೆ ಟೇಪ್ ಹಾಕಿರ್ತಾರೆ. ಕಿತ್ತಿದ್ರಾ?"

ನಾನು ಹೆಂಡತಿಯನ್ನು ನೋಡಿದೆ. ಹೆಂಡತಿ ಏಣಿಯನ್ನು ನೋಡಿದಳು. ಮತ್ತೆ ಮೇನ್ ಆರಿಸಿ, ಮತ್ತೆ ಹತ್ತಿ, ಮತ್ತೆ ತೆವಳಿ, ಕೊಳವೆ ಬಿಚ್ಚಿ, ಬೆರಳುದ್ದದ ಒಂದು ನೀಲಿ ಟೇಪನ್ನು ಕಿತ್ತು ತಂದೆ. ಈ ಸಲ ಏಣಿಯ ಬುಡದಲ್ಲಿ ಹೆಂಡತಿ ಕಾವಲು ನಿಂತಿದ್ದಳು. ಕಾಗದ ಜಾಲರಿಗೆ ಫಟ್ಟನೆ ಅಂಟಿತು. ಬಿಸಿನೀರು ಬಿಟ್ಟು ನೋಡಿದೆವು. ಹಬೆ ಬಿಡಾರ ಕಿತ್ತುಕೊಂಡು ಸಾಲಾಗಿ ಮೇಲಕ್ಕೆ ಹೊರಟಿತು. ಮೂವರೂ ಬಚ್ಚಲ ಬಾಗಿಲಲ್ಲಿ ನಿಂತು ಬಾಯಿ ಬಿಟ್ಟುಕೊಂಡು ನೋಡಿದೆವು. ಹಬೆಯನ್ನು ಅಷ್ಟು ಸಂತೋಷದಿಂದ ಬೀಳ್ಕೊಟ್ಟ ಮನೆ ಇನ್ನೊಂದಿರಲಾರದು.

ಭಾನುವಾರ ಕಾರು ಬಂತು. ಅತ್ತೆ ಮಗನಿಗೆ ಬಚ್ಚಲುಮನೆ ತೋರಿಸಿದರು. ಮೂರು ತಿಂಗಳಿಗೊಮ್ಮೆ ಈ ಜಾಲರಿ ಬಿಚ್ಚಿ ಸೋಪಿನ ನೀರಲ್ಲಿ ತೊಳೆಯಬೇಕು, ರೆಕ್ಕೆಯ ಧೂಳು ಬ್ರಷ್ಷಿನಿಂದ ತೆಗೆಯಬೇಕು, ಇಲ್ಲದಿದ್ದರೆ ಮೋಟಾರ್ ಬಿಸಿಯಾಗಿ ಸುಡುತ್ತದೆ, ಇದನ್ನು ನೋಡಿಕೊಳ್ಳಲು ಮನೆಯಲ್ಲಿ ತಿಳಿದವರು ಒಬ್ಬರಾದರೂ ಬೇಕು, ಆದ್ದರಿಂದ ತಾವು ಬರುವಹಾಗಿಲ್ಲ ಎಂದರು. ಅಲ್ಲಿ ನಾನೂ ನಿಂತಿದ್ದೆ. ತಿಳಿದವರ ಲೆಕ್ಕದಲ್ಲಿ ನನ್ನನ್ನು ಸೇರಿಸಿಕೊಳ್ಳಲಿಲ್ಲ. ನನಗೆ ಬೇಜಾರಾಗಲಿಲ್ಲ. ಭಾವನವರು ಖಾಲಿ ಕಾರಿನಲ್ಲಿ ವಾಪಸ್ಸು ಹೋದರು. ಹೆಂಡತಿ ಪೆಟ್ಟಿಗೆಯ ಬಟ್ಟೆಗಳನ್ನು ಕಡೆಯ ಸಲ ಹೊರಗೆ ತೆಗೆದಳು.

ಬೂಷ್ಟು ಕೆರೆದು ಬಣ್ಣ ಬಳಿದೆವು. ಆರು ವಾರದಲ್ಲಿ ಕೆಮ್ಮು ಅರ್ಧಕ್ಕಿಳಿಯಿತು. ಅತ್ತೆ ನಮ್ಮ ಮಿಕ್ಸಿಯನ್ನೂ ಇಸ್ತ್ರಿಪೆಟ್ಟಿಗೆಯನ್ನೂ ಬಿಚ್ಚಿ ಜೋಡಿಸಿದರು. ಇತ್ತ ನಾನು ಆಫೀಸಿನಲ್ಲಿ ಫ್ಯಾನ್ ಕೂರಿಸಿದ ಕಥೆಯನ್ನು ದಿನಕ್ಕೊಬ್ಬರಿಗೆ ಹೇಳುತ್ತಾ, ಒಂದೊಂದು ಸಲಕ್ಕೂ ಅತ್ತೆಯ ಪಾತ್ರವನ್ನು ಸ್ವಲ್ಪ ಸ್ವಲ್ಪ ಕತ್ತರಿಸುತ್ತಾ ಬಂದೆ. ತೂತನ್ನಾದರೂ ನಾನೇ ಕೊರೆದದ್ದಲ್ಲವೇ?

ಮೊನ್ನೆ ಸಂಜೆ ಬಾಗಿಲ ಗಂಟೆ ಸದ್ದಾಯಿತು. ಎದುರುಮನೆಯ ಟೈಲರಮ್ಮ. ಕೊರಳಲ್ಲಿ ಅಳತೆಪಟ್ಟಿ ಇನ್ನೂ ನೇತಾಡುತ್ತಿತ್ತು.

"ನಿಮ್ಮನೇಲಿ ಬಚ್ಚಲಿಗೆ ಫ್ಯಾನ್ ಕೂರಿಸಿದ್ದಾರಲ್ಲ, ಅವರು ಇದ್ದಾರಾ?"

ನನ್ನ ಎದೆ ಎರಡಲ್ಲ, ನಾಲ್ಕಿಂಚು ಮುಂದೆ ಹೋಯಿತು. "ಹೇಳಿ, ನಾನೇ," ಎಂದೆ.

ಆಕೆ ನನ್ನ ಭುಜದ ಮೇಲಿನಿಂದ ಒಳಗೆ ಇಣುಕಿದರು. "ನೀವಲ್ಲ, ನಿಮ್ಮ ಅತ್ತೆಯವರು. ನಮ್ಮನೆಗೂ ಒಂದು ಕೂರಿಸಿಕೊಡಿ ಅಂತ ಕೇಳಿದ್ದೆ. ಬರ್ತೀನಿ ಅಂದಿದ್ದಾರೆ. ಮೇಲೆ ಹತ್ತೋಕೆ ಅವರ ಹತ್ರ ಒಬ್ಬ ಆಳಿದ್ದಾನಂತೆ. ಹೇಳಿದ್ದನ್ನ ಹೇಳಿದ ಹಾಗೆ ಮಾಡ್ತಾನೆ, ಅಳತೆ ಮಾತ್ರ ಅವನ ಕೈಗೆ ಕೊಡಬಾರದು ಅಂದ್ರು." ಕೊರಳಿನ ಅಳತೆಪಟ್ಟಿ ಸರಿಮಾಡಿಕೊಂಡು ಕೇಳಿದರು, "ಆ ಆಳು ಈ ಶನಿವಾರ ಬಿಡುವಾಗಿರ್ತಾನಾ, ಸ್ವಲ್ಪ ಕೇಳಿ ಹೇಳ್ತೀರಾ?"

ಒಳಗಿನಿಂದ ವಾಕರಿನ ಸದ್ದು ಬಾಗಿಲ ಕಡೆಗೆ ಬರುತ್ತಿತ್ತು.

"ಬಿಡುವಾಗಿರ್ತಾನೆ," ಎಂದೆ.